ದ್ಯಾವಕ್ಕನ ಬಿಡಿದಿನ

ನಮ್ಮೂರಿನಲ್ಲಿ ಹಪ್ಪಳದ ತಿಂಗಳು ಮುಗಿಯಬೇಕೆಂದರೆ ಕಟ್ಟಕಡೆಯ ಮನೆಯ ಕಟ್ಟಕಡೆಯ ಹಪ್ಪಳ ಒಣಗಬೇಕು. ಅಲ್ಲಿಯವರೆಗೆ ಗಾಳಿ ತಿಂಗಳು ಊರ ಹೊರಗೇ ಕಾಯುತ್ತ ನಿಂತಿರುತ್ತದೆ. ಒಂದು ವರ್ಷ ಮೂಲೆಮನೆಯ ಸೋಮಾರಿಯೊಬ್ಬಳು ಹಿಟ್ಟು ಕಲಸಿಟ್ಟು ತವರಿಗೆ ಹೊರಟುಹೋದಳು. ಬಿಸಿಲು ಇಳಿಯಲಿಲ್ಲ, ಬಾವಿಗಳೆಲ್ಲ ತಳ ಕಂಡವು. ಕೊನೆಗೆ ಓಣಿಯ ಹೆಂಗಸರೇ ಅವಳ ಮನೆಯ ಚಿಲಕ ಮುರಿದು ಒಳಗೆ ಹೋಗಿ, ಬಾಯಿಗೆ ಬಂದ ಹಾಗೆ ಬೈಯುತ್ತ, ಅವಳ ಹಪ್ಪಳ ಲಟ್ಟಿಸಿ ಒಣಗಿಸಿ ಡಬ್ಬಕ್ಕೆ ತುಂಬಿಟ್ಟು ಬಂದರು. ವರ್ಷದ ಕೊನೆಗೆ ಬರುವ ನೆಂಟರ ತಿಂಗಳಂತೂ ಇನ್ನೂ ಕಷ್ಟದ್ದು. ಕೊನೆಯ ನೆಂಟ ಎದ್ದು ಹೋಗುವವರೆಗೆ ಅದು ಮುಗಿಯುವುದಿಲ್ಲ, ಎದ್ದು ಹೋಗಪ್ಪಾ ಎಂದು ನೆಂಟನಿಗೆ ಹೇಳುವ ಹಾಗೂ ಇಲ್ಲ. ಸಾರು ದಿನದಿನಕ್ಕೆ ತೆಳ್ಳಗಾಗುತ್ತದೆ, ಅಷ್ಟೇ.

ಆ ಕೊನೆಯ ನೆಂಟ ಊರ ಗಡಿ ದಾಟಿದ ಮರುದಿನ ಬರುವುದೇ ಬಿಡಿದಿನ. ಅದು ಯಾವ ತಿಂಗಳಿಗೂ ಸೇರಿದ್ದಲ್ಲ, ಒಂದು ಮನೆಗೆ ಸೇರಿದ್ದು. ಓಣಿಯಿಂದ ಓಣಿಗೆ, ಮನೆಯಿಂದ ಮನೆಗೆ ಸರದಿ ಸುತ್ತಿಕೊಂಡು ಬರುತ್ತದೆ. ಬಿಡಿದಿನ ಸೂರ್ಯ ಎಂದಿನಂತೆ ಹುಟ್ಟಿ, ನೆತ್ತಿಗೆ ಬಂದು, ಕೆರೆ ಏರಿಯ ಹುಣಸೆ ಮರದ ತಲೆಯ ಮೇಲಕ್ಕೆ ಇಳಿದು ನಿಂತುಬಿಡುತ್ತಾನೆ. ಸರದಿ ಮನೆಯವರು ಸಂಜೆದೀಪ ಹಚ್ಚಿದರೆ ಮಾತ್ರ ಸಂಜೆ. ದೀಪ ಹಚ್ಚಿದ ಮೇಲೆ ಮಂಜಿನ ತಿಂಗಳು, ಹೊಸ ವರ್ಷ. ಅಲ್ಲಿಯವರೆಗೆ ಊರಲ್ಲಿ ಯಾವುದೂ ಮುಂದಕ್ಕೆ ಹೋಗುವುದಿಲ್ಲ. ಹಾಲು ಹೆಪ್ಪಾಗುವುದಿಲ್ಲ, ಕೂದಲು ನರೆಯುವುದಿಲ್ಲ, ಗಾಯ ಮಾಯುವುದೂ ಇಲ್ಲ, ಕೀವಾಗುವುದೂ ಇಲ್ಲ. ಒಲೆಯ ಮೇಲಿಟ್ಟ ಅಕ್ಕಿ ಅಕ್ಕಿಯಾಗಿಯೇ ಇರುತ್ತದೆ, ಹಾಗಾಗಿ ಹಿಂದಿನ ದಿನವೇ ಬುತ್ತಿ ಕಟ್ಟಿಟ್ಟುಕೊಳ್ಳಬೇಕು. ಇನ್ನೊಂದು ಮಾತು: "ದೀಪ ಯಾವಾಗ ಹಚ್ತೀರಿ?" ಎಂದು ಸರದಿ ಮನೆಯವರನ್ನು ಯಾರೂ ಕೇಳಬಾರದು. ಉಣ್ಣುತ್ತಿರುವವನಿಗೆ ಎಷ್ಟು ಉಣ್ಣುತ್ತೀಯ ಎಂದು ಕೇಳಿದ ಹಾಗೆ ಅದು. ಗಾಣದ ಮರಿಯಪ್ಪ ತನ್ನ ಸರದಿಯ ದಿನ ಗೊರಕೆ ಹೊಡೆದು ಮಲಗಿಬಿಟ್ಟಿದ್ದ. ಊರಿಗೆ ಊರೇ ಬೀದಿಯಲ್ಲಿ ಆಕಳಿಸುತ್ತ ಕೂತಿತ್ತೇ ಹೊರತು ಒಬ್ಬರೂ ಹೋಗಿ ಎಬ್ಬಿಸಲಿಲ್ಲ.

ಈಗ ಹೇಳಹೊರಟದ್ದು ನಾನು ಹುಟ್ಟಿದ ವರ್ಷದ ಬಿಡಿದಿನದ ಕಥೆ. ನೀನು ಕಂಡೆಯಾ ಎಂದು ಕೇಳಬೇಡಿ. ಕಾಣಲಿಲ್ಲ, ಆದರೆ ಅಲ್ಲೇ ಇದ್ದೆ. ನನ್ನವ್ವ, ಮೊಸರು ಮಾರುವ ರಂಗವ್ವ, ದ್ಯಾವಕ್ಕ, ಮೂವರೂ ಇದನ್ನು ನನಗೆ ಎಷ್ಟು ಸಲ ಹೇಳಿದ್ದಾರೆಂದರೆ, ಯಾರು ಎಲ್ಲಿ ಸುಳ್ಳು ಸೇರಿಸುತ್ತಾರೆ ಎನ್ನುವುದೂ ನನಗೆ ಬಾಯಿಪಾಠವಾಗಿದೆ.

ದ್ಯಾವಕ್ಕ ಊರಿಗೆ ಒಬ್ಬಳೇ ಸೂಲಗಿತ್ತಿ. ಗಂಡ ತೀರಿಹೋಗಿದ್ದ, ಮಕ್ಕಳಿರಲಿಲ್ಲ. ಮಕ್ಕಳಿಲ್ಲ ಎಂದು ಯಾರಾದರೂ ಅಂದರೆ ಮಾತ್ರ ಸಿಟ್ಟು ಬರುತ್ತಿತ್ತು. "ಈ ಊರಲ್ಲಿ ಓಡಾಡೋ ತಲೆಗಳೆಲ್ಲ ಮೊದ್ಲು ಬಿದ್ದಿದ್ದು ಯಾರ ಅಂಗೈಗೆ?" ಎನ್ನುತ್ತಿದ್ದಳು. ಅಂಥವಳಿಗೆ ಆ ವರ್ಷ ಗಾಳಿ ತಿಂಗಳಿನಿಂದ ಕಣ್ಣು ಮಸುಕಾಗತೊಡಗಿತು. ಮೊದಲು ದೀಪದ ಬೆಳಕಿನಲ್ಲಿ ಕಾಣದಾಯಿತು, ಆಮೇಲೆ ಮೋಡ ಕವಿದರೂ ಕಾಣದಾಯಿತು. ನೆಂಟರ ತಿಂಗಳ ಹೊತ್ತಿಗೆ ಸುಡುವ ಬಿಸಿಲಿದ್ದರೆ ಮಾತ್ರ ಎದುರಿಗಿದ್ದವರು ಯಾರೆಂದು ತಿಳಿಯುತ್ತಿತ್ತು. ವೈದ್ಯರು ಮುಚ್ಚುಮರೆ ಮಾಡಲಿಲ್ಲ. "ಈ ವರ್ಷದ ಬಿಸ್ಲು ಇರೋ ತನಕ ದ್ಯಾವಮ್ಮ. ಮಂಜಿನ ತಿಂಗ್ಳು ಕಳ್ದು ಮತ್ತೆ ಬಿಸ್ಲು ಬರೋದ್ರೊಳಗೆ ನಿನ್ ಕಣ್ಣು ಪೂರ್ತಿ ಹೋಗಿರ್ತದೆ" ಎಂದುಬಿಟ್ಟರು. ದ್ಯಾವಕ್ಕ ಅಳಲಿಲ್ಲವಂತೆ. ಮನೆಗೆ ಬಂದು ಬಾಗಿಲು ಹಾಕಿಕೊಂಡು ಅತ್ತಳು ಎಂದು ರಂಗವ್ವ ಹೇಳುತ್ತಾಳೆ, ನಾನು ರಂಗವ್ವನ ಮಾತನ್ನೇ ನಂಬುತ್ತೇನೆ.

ಅದೃಷ್ಟ ನೋಡಿ, ಆ ವರ್ಷದ ಬಿಡಿದಿನದ ಸರದಿ ದ್ಯಾವಕ್ಕನ ಮನೆಯದೇ. ಸುದ್ದಿ ಕೇಳಿ ರಂಗವ್ವ ಓಡಿಬಂದಳು. "ಹುಟ್ಟಿಸ್ದ ದೇವ್ರು ಹುಲ್ಲು ಮೇಯಿಸ್ತಾನಾ ಅಕ್ಕಾ? ನಿಂಗೆ ಅಂತಲೇ ಇಟ್ಕೊಂಡಿದ್ದ ನೋಡು ಈ ದಿನಾನ. ನನ್ ಹಾಲು ಹೆಪ್ಪಾಗ್ದೆ ಯಾಪಾರ ನಿಂತೋದ್ರೂ ಪರ್ವಾಗಿಲ್ಲ, ನೀ ಮಾತ್ರ ದೀಪ ಹಚ್ಬೇಡ. ಎಷ್ಟು ಬೇಕೋ ಅಷ್ಟು ನೋಡು. ಏನ್ ನೋಡ್ತೀಯ ಹೇಳು, ಕೆರೆ ನೋಡ್ತೀಯಾ, ಬೆಟ್ಟ ನೋಡ್ತೀಯಾ?"

"ಬೆಟ್ಟ ತಗೊಂಡ್ ಏನ್ ಮಾಡ್ಲೇ?" ಎಂದಳು ದ್ಯಾವಕ್ಕ. "ಎಲ್ರ ಮಕಾನೂ ಒಂದ್ಸಲ ಸರ್ಯಾಗಿ ನೋಡ್ಬೇಕು. ಇಷ್ಟ್ ಕಾಲ ಬರೀ ನೆತ್ತಿ ನೋಡಿದ್ದೇ ಆಯ್ತು. ಕೂಸು ಕೈಗೆ ಬಂದ್ರೆ ಹೊಕ್ಕುಳು ನೋಡು, ಉಸ್ರು ನೋಡು, ತಾಯಿನ ನೋಡು. ಅವ್ರ ಮಕ ನೋಡೋಕೆ ಪುರುಸೊತ್ತೆಲ್ಲಿತ್ತು ನಂಗೆ?"

ಹಾಗೆ ಬಿಡಿದಿನ ಬಂತು. ದ್ಯಾವಕ್ಕ ಪಡುವಣಕ್ಕೆ ಬೆನ್ನು ಹಾಕಿ ಅಂಗಳದಲ್ಲಿ ಚಾಪೆ ಹಾಸಿಕೊಂಡು ಕೂತಳು. ಬಂದವರು ಎದುರಿನ ಮಣೆಯ ಮೇಲೆ ಕೂರಬೇಕು, ಬಿಸಿಲು ನೇರ ಅವರ ಮುಖದ ಮೇಲೆ. ಸೂರ್ಯ ಹುಣಸೆ ಮರದ ಮೇಲೆ ನಿಂತ. ಒಬ್ಬೊಬ್ಬರೇ ಬಂದರು. ಎಣ್ಣೆ ಹಚ್ಚಿ ತಲೆ ಬಾಚಿದ್ದೇನು, ಮದುವೆ ಸೀರೆ ಉಟ್ಟಿದ್ದೇನು! ಸಿಡುಬಿನ ಕಲೆಯ ಮುಖದ ಕುಂಬಾರ ಬಸಪ್ಪ ಮಾತ್ರ ಟವೆಲ್ಲಿನಲ್ಲಿ ಅರ್ಧ ಮುಖ ಮುಚ್ಚಿಕೊಂಡು ಬಂದ. "ತಗೀಲಾ ಅದ್ನ" ಎಂದು ಗದರಿಸಿದಳು. ತೆಗೆದ. ಬಹಳ ಹೊತ್ತು ನೋಡಿ, "ಚೆನ್ನಾಗಿದ್ದೀಯ ಕಣೋ" ಎಂದಳು. ಆ ಮಾತನ್ನು ಹುಟ್ಟಿದಾಗಿನಿಂದ ಯಾರೂ ಅವನಿಗೆ ಹೇಳಿರಲಿಲ್ಲವೇನೋ, ಅಷ್ಟು ದೊಡ್ಡ ಗಂಡಸು ಬಿಕ್ಕಿ ಬಿಕ್ಕಿ ಅತ್ತುಕೊಂಡು ಎದ್ದು ಹೋದ. ಯಾರಾದರೂ ನಮ್ಮನ್ನು ಸುಮ್ಮನೆ ನೋಡುತ್ತ ಕೂತರೆ ಸಹಿಸಿಕೊಳ್ಳುವುದು ಎಷ್ಟು ಕಷ್ಟ ಎನ್ನುವುದು ಊರಿಗೆ ಅವತ್ತೇ ಗೊತ್ತಾದದ್ದು. ಕೆಲವರು ನಕ್ಕರು, ಕೆಲವರು ಬೆವೆತರು. ಎದ್ದು ಹೋಗುವಾಗ ಮಾತ್ರ ಎಲ್ಲರ ಹೆಜ್ಜೆಯೂ ಹಗುರವಾಗಿತ್ತಂತೆ.

ಅತ್ತ ಕಂಚುಗಾರರ ಓಣಿಯಲ್ಲಿ, ನಮ್ಮ ಮನೆಯಲ್ಲಿ, ನನ್ನವ್ವ ಚಿಕ್ಕತಾಯಿಗೆ ಬೆಳಗ್ಗೆಯೇ ನೋವು ಶುರುವಾಗಿತ್ತು.

ನೋವು ಬರುತ್ತದೆ, ಹೋಗುತ್ತದೆ. ಆದರೆ ಬಿಡಿದಿನವಲ್ಲವೇ, ಯಾವುದೂ ಮುಂದಕ್ಕೆ ಹೋಗುವ ಹಾಗಿಲ್ಲ. ನಾನು ಇದ್ದಲ್ಲೇ ಇದ್ದೆ. ನನ್ನ ತಪ್ಪೇನೂ ಇಲ್ಲ ಅದರಲ್ಲಿ. ದೀಪ ಹಚ್ಚುವವರೆಗೆ ಹೆರಿಗೆಯಾಗದು, ನೋವೂ ನಿಲ್ಲದು. ನನ್ನಪ್ಪ ಮೌನೇಶಾಚಾರಿ ಪಂಚೆ ಎತ್ತಿಕಟ್ಟಿ ದ್ಯಾವಕ್ಕನನ್ನು ಕರೆಯಲು ಹೊರಟ. ಅವ್ವ ಮಲಗಿದ್ದಲ್ಲಿಂದಲೇ ಆ ಪಂಚೆಯ ಅಂಚು ಹಿಡಿದೆಳೆದಳು.

"ಎಲ್ಲಿಗೋಯ್ತೀರಿ?"

"ಇದೇನ್ ಕೇಳ್ತೀಯೇ? ದ್ಯಾವಕ್ಕನ್ನ ಕರ್ಕೊಂಡ್ ಬತ್ತೀನಿ."

"ಬಂದ್ರೆ ಏನ್ಮಾಡ್ತಾಳೆ? ವಾಪಸ್ ಹೋಗಿ ದೀಪ ಹಚ್ತಾಳೆ. ಅವ್ಳ್ ಕಣ್ಗೆ ಇದೊಂದೇ ದಿನ ಉಳ್ದಿರೋದು ಅಂತ ಗೊತ್ತಿಲ್ವಾ ನಿಮ್ಗೆ? ನನ್ನ ಈ ಲೋಕಕ್ಕೆ ತಂದೋಳು ಅವ್ಳು. ಇನ್ನೊಂದ್ ನಾಕ್ ಜನಾನ ನೋಡ್ಕೊಳ್ಲಿ. ನಾನು ತಡ್ಕೊತೀನಿ." ಅಷ್ಟರಲ್ಲಿ ಮತ್ತೊಂದು ನೋವು ಬಂತು. ಸೀರೆಯ ಸೆರಗನ್ನು ಬಾಯಿಗೆ ತುರುಕಿಕೊಂಡಳು.

ರಂಗವ್ವ ಬಂದು ನೋಡಿದಳು, ಹಣೆ ಹಣೆ ಚಚ್ಚಿಕೊಂಡಳು. ಆಮೇಲೆ ಸೊಂಟಕ್ಕೆ ಸೆರಗು ಸಿಕ್ಕಿಸಿ ಅವ್ವನ ಕಡೆಗೇ ನಿಂತಳು. ಅವ್ವನ ಕೂಗು ದ್ಯಾವಕ್ಕನ ಕಿವಿಗೆ ಬೀಳಕೂಡದು, ಅಷ್ಟೇ. "ನೀವು ಕೊಡ ತಟ್ರಿ ಆಚಾರ್ರೇ" ಎಂದು ಅಪ್ಪನನ್ನು ಹೊರಗೆ ಅಟ್ಟಿದಳು. ಅಪ್ಪ ಜಗಲಿಯಲ್ಲಿ ಕೂತು ತಾಮ್ರದ ಕೊಡದ ಮೇಲೆ ಸುತ್ತಿಗೆ ಬೀಸಿದ. ಓಣಿಯ ಹೆಂಗಸರು ಬಾಗಿಲಲ್ಲಿ ಕೂತು ಸೋಬಾನೆ ಹಾಡಿದರು. ಸುದ್ದಿ ಬಾಯಿಂದ ಬಾಯಿಗೆ ಹೋಯಿತು. ಕೊನೆಗೆ ಇಡೀ ಊರಿಗೆ ಗೊತ್ತು, ದ್ಯಾವಕ್ಕನಿಗೆ ಮಾತ್ರ ಗೊತ್ತಿಲ್ಲ. ಎಂಥಾ ಊರು ನೋಡಿ ನಮ್ಮದು! ಹೆರಿಗೆ ನೋವನ್ನು ಇರುವ ಒಬ್ಬಳೇ ಸೂಲಗಿತ್ತಿಯಿಂದ ಮುಚ್ಚಿಡಲು ಊರೆಲ್ಲ ಒಂದಾಗಿತ್ತು. ಹೀಗೆ ಯಾವ ಊರಾದರೂ ಮಾಡುತ್ತದೆಯೇ? ಪ್ರೀತಿಗೆ ಬುದ್ಧಿ ಕಡಿಮೆ, ಏನು ಮಾಡುವುದು.

ರಂಗವ್ವನ ಸರದಿ ಬಂತು. ಮಣೆಯ ಮೇಲೆ ಕೂತಳು. ದ್ಯಾವಕ್ಕ ಅವಳನ್ನು ನೋಡಿದಳು. "ಎಷ್ಟು ದಪ್ಪ ಜಡೆಯೇ ನಿಂದು, ಕಾಡಿಗೆ ಇದ್ದಂಗೈತೆ. ಹೊಟ್ಟೆಕಿಚ್ಚಾಯ್ತದೆ" ಎಂದು ನಕ್ಕಳು. ಆಮೇಲೆ ತಲೆ ಓರೆ ಮಾಡಿ ಕೇಳಿಸಿಕೊಂಡಳು.

"ಯಾರೇ ಅದು ತಾಮ್ರ ತಟ್ತಿರೋದು?"

"ನಮ್ ಮೌನೇಶಾಚಾರಿ. ಹಳೇ ಕೊಡ, ತಗ್ಗಾಗಿತ್ತಂತೆ."

"ಬಿಡಿದಿನ ತಾಮ್ರ ಬಗ್ಗಲ್ವಲ್ಲೇ."

"ಅಷ್ಟ್ ಬುದ್ಧಿ ಇದ್ದಿದ್ರೆ ಅವ್ರು ಯಾಕ್ ಹಿಂಗಿರ್ತಿದ್ರು" ಎಂದು ರಂಗವ್ವ ಬಿಸಿಲಿನ ಕಡೆಗೆ ಕಣ್ಣು ಕಿರಿದು ಮಾಡಿಕೊಂಡಳು.

ದ್ಯಾವಕ್ಕ ಆ ಸದ್ದಿಗೇ ಕಿವಿಗೊಟ್ಟಳು. ಸುತ್ತಿಗೆ ಒಂದೇ ಸಮನೆ ಬೀಳುತ್ತಿರಲಿಲ್ಲ. ಮೆಲ್ಲಗೆ ಶುರುವಾಗಿ, ಜೋರಾಗಿ, ಇನ್ನೂ ಜೋರಾಗಿ, ಆಮೇಲೆ ಇಳಿದು ನಿಂತುಬಿಡುತ್ತಿತ್ತು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಮೆಲ್ಲಗೆ, ಜೋರಾಗಿ, ಇನ್ನೂ ಜೋರಾಗಿ. ನನ್ನಪ್ಪನಿಗೆ ಹೊಳೆಯದೇ ಹೋದದ್ದು ಇದು. ಅವ್ವ ನರಳಿದಾಗ ಮಾತ್ರ ಅವನು ತಟ್ಟುತ್ತಿದ್ದ. ಅವಳ ನೋವು ಏರಿದಷ್ಟೂ ಜೋರಾಗಿ ತಟ್ಟುತ್ತಿದ್ದ. ಮುಚ್ಚಿಡಲು ಹೋಗಿ ಹೆಂಡತಿಯ ಹೆರಿಗೆ ನೋವನ್ನೇ ಊರಿಗೆಲ್ಲ ಕೇಳುವ ಹಾಗೆ ಬಾರಿಸುತ್ತಿದ್ದ. ಬೇರೆಯವರಿಗೆ ಅದು ಬರೀ ಸದ್ದು. ಬದುಕೆಲ್ಲ ಆ ಏರಿಳಿತದ ಪಕ್ಕದಲ್ಲೇ ಕೂತವಳಿಗೆ ಅದು ತಿಳಿಯದೇ ಇರುತ್ತದೆಯೇ?

"ಕಂಚುಗಾರರ ಓಣಿಯೋರು ಒಬ್ರೂ ನಂಗೆ ಕಣ್ಣು ಕೊಟ್ಟು ಕೂರ್ಲಿಲ್ಲ" ಎಂದಳು ದ್ಯಾವಕ್ಕ. "ಚಿಕ್ಕತಾಯಿ ಬರ್ಲೇ ಇಲ್ಲ. ಯಾವಾಗಿಂದ್ಲೇ ರಂಗಿ?"

"ಬೆಳಗ್ಗಿಂದ" ಎಂದು ಹೇಳಿ ರಂಗವ್ವ ಅಳಲು ಶುರುಮಾಡಿದಳು.

ದ್ಯಾವಕ್ಕ ಎದ್ದಳು. ಸೆರಗು ಬಿಗಿದು ನಮ್ಮ ಓಣಿಗೆ ನಡೆದಳು. ಸೋಬಾನೆ ಹಾಡುತ್ತಿದ್ದವರು ಅವಳನ್ನು ಕಂಡು ನಡುವೆಯೇ ನಿಲ್ಲಿಸಿದರು. ಅಪ್ಪ ಸುತ್ತಿಗೆ ಎತ್ತಿದವನು ಎತ್ತಿದ ಹಾಗೆಯೇ ಕೂತ. "ನಿನ್ ಕೈಗಿಷ್ಟು ಹಾವು ಕಡಿಯ, ಇಡು ಅದ್ನ ಕೆಳಗೆ" ಎಂದು ಒಳಗೆ ಬಂದಳು. ಅವ್ವ ಅವಳನ್ನು ಕಂಡವಳೇ ಎರಡೂ ಕೈ ಮುಗಿದಳಂತೆ.

"ಬ್ಯಾಡ ದ್ಯಾವಕ್ಕ, ದೀಪ ಹಚ್ಬೇಡ. ನೋಡೋರು ಇನ್ನೂ ಎಷ್ಟೋ ಜನ ಅವ್ರೆ. ನಂಗೇನೂ ಆಗಿಲ್ಲ, ತಡೀತೀನಿ."

"ಮುಚ್ಚೇ ಬಾಯಿ! ಕಣ್ಣು ನಂದು, ಕೂಸಿಗೆ ಕೈ ಒಡ್ಡೋಳು ನಾನು. ಮಧ್ಯದಲ್ಲಿ ನೀವ್ಯಾರೇ ತೀರ್ಮಾನ ಮಾಡೋರು?" ಎಂದು ಬೈದವಳು, ಬಾಗಿಲನ್ನು ಪೂರಾ ತೆರೆಸಿದಳು. ಪಡುವಣದ ಬಿಸಿಲು ಒಳಗೆ ನುಗ್ಗಿ ಅವ್ವನ ಮೇಲೆ ಬಿತ್ತು. ದ್ಯಾವಕ್ಕ ಅವಳ ಗಲ್ಲ ಹಿಡಿದು ನೋಡಿದಳು. ಬೆವರು, ಕಚ್ಚಿ ಕಚ್ಚಿ ಒಡೆದ ತುಟಿ, ಕೆಂಪಡರಿದ ಕಣ್ಣು. "ಇಷ್ಟ್ ಹೆರ್ಗೆ ಮಾಡ್ಸಿದೀನಿ, ಹೆರೋಳ ಮಕ ನೆಟ್ಟಗೆ ನೋಡಿದ್ದೇ ಇಲ್ಲ ನಾನು" ಎಂದಳು. "ಇದ್ನ ಒಂದ್ ನೋಡ್ದೆ, ಎಲ್ಲಾ ನೋಡ್ದಂಗಾಯ್ತು. ಬತ್ತೀನಿ ತಾಳು, ಈಗ ಬತ್ತೀನಿ."

ದೀಪ ಹಚ್ಚಬೇಕಾದದ್ದು ಅವಳ ಮನೆಯಲ್ಲಿ. ಹೊರಗೆ ಬಂದು ನೋಡುತ್ತಾಳೆ, ನಮ್ಮ ಓಣಿಯಿಂದ ಅವಳ ಮನೆಯವರೆಗೆ ಊರೆಲ್ಲ ಸಾಲಾಗಿ ನಿಂತಿತ್ತು. ಯಾರೂ ಹೇಳಿಕಳಿಸಿರಲಿಲ್ಲ. ಮಣೆಯ ಮೇಲೆ ಕೂರುವ ಸರದಿ ಇನ್ನೂ ಬಾರದೇ ಇದ್ದವರೆಲ್ಲ ಬಿಸಿಲಿಗೆ ಮುಖ ಕೊಟ್ಟು ನಿಂತಿದ್ದರು, ಎಳೆಮಕ್ಕಳನ್ನು ಎತ್ತಿ ಹಿಡಿದಿದ್ದರು. ಏಳಲಾರದ ಮುದುಕರನ್ನು ಮಂಚ ಸಮೇತ ತಂದಿದ್ದರು. ದ್ಯಾವಕ್ಕ ಓಡಲೂ ಇಲ್ಲ, ನಿಲ್ಲಲೂ ಇಲ್ಲ. ಎಡಕ್ಕೊಮ್ಮೆ ಬಲಕ್ಕೊಮ್ಮೆ ನೋಡುತ್ತ, "ನೀನಾ, ಚೆನ್ನಾಗಿದ್ದೀಯ. ನೀನಾ, ಅಪ್ಪನ ಮೂಗು ಹಂಗೇ ಇಳ್ದೈತೆ. ಚೆನ್ನಾಗಿದ್ದೀಯ, ಚೆನ್ನಾಗಿದ್ದೀಯ" ಎನ್ನುತ್ತ ನಡೆದಳು. ಹಿಂದೆ ಬರುತ್ತಿದ್ದ ರಂಗವ್ವನಿಗೆ ದಾರಿ ಕಾಣದಷ್ಟು ಅಳು.

ಮನೆಯೊಳಗೆ ಬತ್ತಿ, ಎಣ್ಣೆ ಬೆಳಗ್ಗೆಯೇ ಸಿದ್ಧವಾಗಿದ್ದವು. ದ್ಯಾವಕ್ಕ ಕಡ್ಡಿ ಗೀರಿದಳು. ಆಮೇಲೆ ಹೊಸಿಲಿಗೆ ತಿರುಗಿ, ಬಾಗಿಲಲ್ಲಿ ತುಂಬಿ ನಿಂತ ಬೆಳಕನ್ನು ನೋಡಿದಳು. ಕಡ್ಡಿ ಉರಿದು ಬೆರಳಿಗೆ ಬಂತು, ಬಿಸಾಡಿದಳು. ಇನ್ನೊಂದು ಗೀರಿದಳು. "ಸುಳ್ಳು ಹೇಳಲ್ಲ ಮಗಾ, ಆ ಒಂದ್ ಕಡ್ಡಿ ಹೊತ್ತು ನಿಂತೆ" ಎಂದು ನನ್ನ ಹತ್ತಿರ ಎಷ್ಟೋ ಸಲ ಹೇಳಿದ್ದಾಳೆ. ನಿಲ್ಲದೇ ಹಚ್ಚಿದ್ದರೆ ಅವಳನ್ನು ದೇವರೆಂದು ಕೈ ಮುಗಿದು ಸುಮ್ಮನಾಗುತ್ತಿದ್ದೆನೇನೋ. ನಿಂತು, ಆಮೇಲೆ ಹಚ್ಚಿದಳಲ್ಲ, ಅದಕ್ಕೇ ಈ ಋಣ ತೀರಿಸಲಾಗದ್ದು.

ದೀಪ ಹತ್ತಿತು. ಸೂರ್ಯ ಹುಣಸೆ ಮರದ ಹಿಂದಕ್ಕೆ ಜಾರಿದ. ಕೆರೆಯ ಕಡೆಯಿಂದ ಹೊಸ ವರ್ಷದ ಮಂಜು ಏರಿ ಬಂತು. ರಂಗವ್ವ ದ್ಯಾವಕ್ಕನ ಕೈ ಹಿಡಿದುಕೊಂಡು ನಮ್ಮ ಮನೆಗೆ ಕರೆದುಕೊಂಡು ಬರುವ ಹೊತ್ತಿಗೆ ಅವಳಿಗೆ ಎದುರಿನ ಗೋಡೆಯೂ ಕಾಣುತ್ತಿರಲಿಲ್ಲ. ಕಾಣದೇ ಹಿಡಿದ ಮೊದಲ ಕೂಸು ನಾನು. ಬೆಳಗ್ಗಿಂದ ತಡೆದು ಸಾಕಾಗಿತ್ತೋ ಏನೋ, ದಡಬಡ ಬಂದೆನಂತೆ. ಹೊಕ್ಕುಳು ಕತ್ತರಿಸಿದ್ದು, ಉಸಿರು ನೋಡಿದ್ದು, ಎಲ್ಲ ಬೆರಳಿನಲ್ಲೇ. ಎಲ್ಲ ಮುಗಿದ ಮೇಲೆ ನನ್ನನ್ನು ತೊಡೆಯ ಮೇಲಿಟ್ಟುಕೊಂಡು ಹಣೆಯಿಂದ ಗಲ್ಲದವರೆಗೆ ಮೆಲ್ಲಗೆ ಬೆರಳಾಡಿಸಿದಳು. "ಮೂಗು ಆಚಾರಿದು, ಹಟ ತಾಯಿದು" ಎಂದಳು. ಅಪ್ಪ ಬಾಗಿಲಲ್ಲಿ ಕೂತು ಅಳುತ್ತಿದ್ದ. ಅವ್ವ ಅವಳ ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡಳು. ಒಂದು ತೊಟ್ಟಿಲು, ಒಂದು ಹಾಸಿಗೆ, ಎರಡನ್ನೂ ನಮ್ಮ ಮನೆಯಲ್ಲಿ ಒಟ್ಟಿಗೇ ಹಾಕಿದರು. ದ್ಯಾವಕ್ಕ ಅವತ್ತಿನಿಂದ ನಮ್ಮವಳಾದಳು.

ಅವಳ ಪಾಲಿಗೆ ಊರಿನ ಎಲ್ಲರ ಮುಖವೂ ಅಂದಿನದಾಗಿಯೇ ಉಳಿಯಿತು. ಬಸಪ್ಪನ ತಲೆ ಬೋಳಾದರೂ ಅವಳಿಗೆ ಅವನು ತಲೆ ತುಂಬ ಕೂದಲಿದ್ದವನೇ. ಊರಲ್ಲಿ ಅವಳಿಗೆ ಬೆಳೆದದ್ದು ನನ್ನ ಮುಖ ಒಂದೇ. ವರ್ಷಕ್ಕೊಮ್ಮೆ ಬಿಡಿದಿನ ನನ್ನನ್ನು ಕೂರಿಸಿಕೊಂಡು ಹಣೆಯಿಂದ ಗಲ್ಲದವರೆಗೆ ಬೆರಳಾಡಿಸುತ್ತಿದ್ದಳು. ಮೊದಲ ಹಲ್ಲು, ಬಿದ್ದ ಹಲ್ಲು, ಮೊಡವೆ, ಮೂಗುಬೊಟ್ಟು, ಈಗ ಹುಬ್ಬಿನ ನಡುವಿನ ಗೆರೆ, ಎಲ್ಲ ಅವಳ ಬೆರಳಿಗೆ ಗೊತ್ತು.

ಈ ವರ್ಷ ಸರದಿ ನಮ್ಮ ಮನೆಗೆ ಬಂತು. ಅಪ್ಪ ಅವ್ವ ಈಗಿಲ್ಲ. ದ್ಯಾವಕ್ಕ ಹಾಸಿಗೆ ಹಿಡಿದಿದ್ದಾಳೆ. ಈ ಮಂಜಿನ ತಿಂಗಳು ತಡೆಯುವುದು ಕಷ್ಟ ಎಂದು ವೈದ್ಯರ ಮಗ ಹೇಳಿ ಹೋಗಿದ್ದ. ಬೆಳಗ್ಗೆ ಅವಳ ತಲೆ ಬಾಚುತ್ತ ಕೇಳಿದೆ, "ದ್ಯಾವಕ್ಕಾ, ಇವತ್ತು ದಿನ ನಿಂದು. ಎಲ್ರನ್ನೂ ಕರೀಲಾ? ಒಂದ್ಸಲ ಮುಟ್ಟಿ ನೋಡ್ವಂತೆ, ಎಲ್ರೂ ಹೆಂಗಾಗವ್ರೆ ಅಂತ."

ಬಾಗಿಲಲ್ಲಿ ಕೋಲೂರಿ ನಿಂತಿದ್ದ ರಂಗವ್ವ ಹೌಹಾರಿದಳು. "ನನ್ ಹತ್ರ ಕೈ ತಂದೀಯ, ಹುಷಾರು! ಈ ಊರಲ್ಲಿ ಒಬ್ಳ್ ಕಣ್ಣಲ್ಲಾದ್ರೂ ನನ್ ಜಡೆ ಕರ್ರಗಿರ್ಲಿ."

ದ್ಯಾವಕ್ಕ ಹಲ್ಲಿಲ್ಲದ ಬಾಯಲ್ಲಿ ನಕ್ಕಳು. "ಯಾರೂ ಬ್ಯಾಡ, ಅವ್ರು ಹಂಗೇ ಇರ್ಲಿ. ನೀ ಬಾ" ಎಂದಳು. ನಾನು ಹತ್ತಿರ ಕೂತೆ. ಅವಳ ಬೆರಳು ನನ್ನ ಮುಖದ ಮೇಲೆ ಬಂತು. ಸೂರ್ಯ ಹುಣಸೆ ಮರದ ಮೇಲೆ ನಿಂತ. ನಾನು ಏಳಲಿಲ್ಲ. ಬಿಡಿದಿನ ಯಾವುದೂ ಮುಂದಕ್ಕೆ ಹೋಗುವುದಿಲ್ಲ, ದೀಪ ಹಚ್ಚದಿದ್ದರೆ ಇವಳೂ ಹೋಗುವುದಿಲ್ಲ. ಊರು ಬೇಕಾದರೆ ಬೀದಿಯಲ್ಲಿ ಆಕಳಿಸುತ್ತ ಕೂರಲಿ ಎಂದು ಮನಸ್ಸಿನಲ್ಲೇ ಗಟ್ಟಿ ಮಾಡಿಕೊಂಡಿದ್ದೆ.

"ಸೂರ್ಯ ನಿಂತವ್ನಾ?" ಎಂದಳು.

"ನಿಂತವ್ನೆ."

"ಮತ್ತ್ಯಾಕೆ ಕೂತಿದ್ದೀಯೆ?"

ಅವಳ ಬೆರಳು ನನ್ನ ಕೆನ್ನೆಯ ಒದ್ದೆಯನ್ನು ಮುಟ್ಟಿತು, ಒರೆಸಿತು, ಅಲ್ಲೇ ನಿಂತಿತು.

"ಏಳು ಮಗಾ" ಎಂದಳು. "ಯಾವ ಮನೇಲಿ ಯಾರು ಹಲ್ಲು ಕಚ್ಕೊಂಡ್ ಕಾಯ್ತಾವ್ರೋ."

ಎದ್ದೆ. ಕೈಕಾಲು ತೊಳೆದು ಬಂದು, ಎಣ್ಣೆ ಹಾಕಿ, ಅವಳ ಎದುರಿಗೇ ಕೂತು ದೀಪ ಹಚ್ಚಿದೆ. ಮೊದಲ ಕಡ್ಡಿ ನನಗೂ ಬೆರಳಿನವರೆಗೆ ಉರಿದುಹೋಯಿತು.